ಮೇಜು ಬಿಟ್ಟು ಕೈಗೆ ಬಂದ ಕಟ್ಲೆಟ್

ಜಪಾನಿನ ಮಾಂಸದಡುಗೆಯ ಚರಿತ್ರೆ ಹೇಳಹೊರಟವರು ಹೆಚ್ಚಾಗಿ 1872ರಿಂದಲೇ ಶುರು ಮಾಡುತ್ತಾರೆ. ಆ ವರ್ಷದ ಆರಂಭದಲ್ಲಿ ಮೇಯ್ಜಿ ಚಕ್ರವರ್ತಿ ದನದ ಮಾಂಸ ಉಂಡ ಸುದ್ದಿ ಅರಮನೆಯಿಂದಲೇ ಹೊರಬಿತ್ತು. ಸುಮಾರು 1200 ವರ್ಷಗಳಿಂದ ಮಾಂಸಕ್ಕೆ ಅಂಟಿಕೊಂಡಿದ್ದ ಮೈಲಿಗೆ ಅಂದಿಗೆ ಹರಿಯಿತು. ದೇಶ ಪಶ್ಚಿಮದ ಕಡೆ ಮುಖ ಮಾಡಿತು. ಆಮೇಲಿನದೆಲ್ಲ ಅದರ ಹಿಂದೆ ತಾನಾಗಿ ಬಂತು. ಈ ಕಥೆಯ ಕೊನೆಯಲ್ಲಿ ಕತ್ಸು ಸಾಂಡೊ ಬಂದು ನಿಲ್ಲುತ್ತದೆ. ಬ್ರೆಡ್ ಪುಡಿ ಹೊದಿಸಿ ಕರಿದ ಹಂದಿ ಮಾಂಸದ ದಪ್ಪ ತುಂಡು, ಅದಕ್ಕೆ ಸಿಹಿಹುಳಿ ಸಾಸ್, ಅಂಚು ಕತ್ತರಿಸಿದ ಎರಡು ಬಿಳಿ ಬ್ರೆಡ್ ಹೋಳುಗಳು, ಒಂದೇ ಅಳತೆಯ ಮೂರು ತುಂಡಾಗಿ ಕೊಯ್ದು ರಟ್ಟಿನ ಡಬ್ಬಿಯಲ್ಲಿ ಜೋಡಿಸಿದ್ದು. ಒಕಾಡಾ ತೆತ್ಸು ಎಂಬ ಆಹಾರ ಚರಿತ್ರಕಾರರು 2000ದಲ್ಲಿ ಪ್ರಕಟಿಸಿದ, ತೊಂಕತ್ಸು, ಎಂದರೆ ಕರಿದ ಹಂದಿ ಕಟ್ಲೆಟ್, ಹುಟ್ಟಿದ ಬಗೆಯನ್ನೇ ವಸ್ತುವಾಗಿಸಿಕೊಂಡ ಪುಸ್ತಕ ಈ ದಾರಿಯನ್ನು 60 ವರ್ಷಗಳ ಒಂದೇ ಪಯಣವಾಗಿ ನೋಡುತ್ತದೆ. ಪಯಣ ನಡೆದದ್ದು ನಿಜ. ಆದರೆ ಅದನ್ನು ಮುಂದಕ್ಕೆ ತಳ್ಳಿದ್ದು ಅರಮನೆಯ ಅಪ್ಪಣೆಯೋ ಪಶ್ಚಿಮದ ಮೋಹವೋ ಅಲ್ಲ ಎಂಬುದು ನನ್ನ ವಾದ. ಜಪಾನಿಗೆ ಬಂದ ಕಟ್ಲೆಟ್ ಪ್ರತಿ ಸಲ ರೂಪ ಬದಲಿಸಿದಾಗಲೂ ಊಟದ ಮೇಜಿನಿಂದ ಒಂದೊಂದು ಸಾಮಾನನ್ನು ಇಳಿಸುತ್ತ ಬಂದಿದೆ. ಚಾಕು, ಫೋರ್ಕು ಮೊದಲು ಹೋದವು, ಆಮೇಲೆ ಚಾಪ್‌ಸ್ಟಿಕ್ಕು, ಕೊನೆಗೆ ತಟ್ಟೆ. ಹಾಗೆ ಇಳಿಸಿದವರು ಅಡುಗೆಮನೆಯಲ್ಲಿ ಆಳು ಸಾಲದ, ಗಿರಾಕಿಗೆ ಪುರುಸೊತ್ತಿಲ್ಲದ ಸಣ್ಣ ಹೋಟೆಲಿನವರು.

ಮೊದಲು ಆ ನಿಷೇಧದ ಮಾತು. ಕ್ರಿ.ಶ. 675ರಲ್ಲಿ ತೆನ್ಮು ಚಕ್ರವರ್ತಿ ಹೊರಡಿಸಿದ ಆಜ್ಞೆ ದನ, ಕುದುರೆ, ನಾಯಿ, ಮಂಗ, ಕೋಳಿ ಈ ಐದನ್ನು ಹೆಸರಿಸಿ, ವರ್ಷದ ಕೆಲವು ತಿಂಗಳು ಅವುಗಳನ್ನು ತಿನ್ನಬಾರದೆಂದಿತು. ಕಾಡುಹಂದಿ, ಜಿಂಕೆಗಳ ಹೆಸರು ಅದರಲ್ಲಿಲ್ಲ. ಮುಂದಿನ ಶತಮಾನಗಳಲ್ಲಿ ಬೌದ್ಧ ಆಚಾರವೂ ಶಿಂಟೊ ಮಡಿಯೂ ಸೇರಿ ಕಟ್ಟುಪಾಡು ಬಿಗಿಯಾಯಿತು, ಮಾಂಸ ನಿತ್ಯದ ಊಟದಿಂದ ದೂರವಾಯಿತು ಎನ್ನುವುದು ದಿಟವೇ. ಆದರೂ ಎದೊ ನಗರದಲ್ಲಿ, ಎಂದರೆ ಇಂದಿನ ಟೋಕಿಯೊದಲ್ಲಿ, ಕಾಡುಪ್ರಾಣಿಗಳ ಮಾಂಸ ಮಾರುವ ಅಂಗಡಿಗಳಿದ್ದವು. ಕಾಡುಹಂದಿಯನ್ನು ‘ಬೆಟ್ಟದ ತಿಮಿಂಗಿಲ’ವೆಂದು ಕರೆದು ಮೀನಿನ ಲೆಕ್ಕಕ್ಕೆ ಸೇರಿಸಿಕೊಂಡು ಜನ ತಿನ್ನುತ್ತಿದ್ದರು. ಚಿತ್ರಕಾರ ಹಿರೊಶಿಗೆ 1858ರಲ್ಲಿ ಮಾಡಿದ ಹಿಮದ ಬೀದಿಯ ಚಿತ್ರವೊಂದರಲ್ಲಿ ಆ ಹೆಸರಿನ ಫಲಕ ಎದ್ದು ಕಾಣುವಂತೆ ನೇತಾಡುತ್ತಿದೆ. ಕದ್ದುಮುಚ್ಚಿ ಮಾರುವವನು ಅಷ್ಟು ದೊಡ್ಡ ಬೋರ್ಡು ಹಾಕುವುದಿಲ್ಲ. ದಕ್ಷಿಣದ ಸತ್ಸುಮಾ ಸೀಮೆಯಲ್ಲಿ ಹಂದಿ ಸಾಕುತ್ತಿದ್ದರು; ಕೊನೆಯ ಶೋಗುನ್, ಎಂದರೆ ಸೇನಾ ದೊರೆ, ತೊಕುಗಾವಾ ಯೊಶಿನೊಬುಗೆ ಹಂದಿ ಮಾಂಸದ ಮೇಲಿನ ಆಸೆಗಾಗಿಯೇ ಅಡ್ಡಹೆಸರು ಬಿದ್ದಿತ್ತು. ಹೀಗಿರುವಾಗ 1872ರ ಘೋಷಣೆಯನ್ನು ಬೀಗ ತೆರೆದ ಕೀಲಿಕೈ ಎಂದುಕೊಳ್ಳುವುದು ಕಷ್ಟ. ಅರಮನೆಯಲ್ಲಿ ಉಂಡದ್ದು ದನದ ಮಾಂಸ. ಹಂದಿ ಕಟ್ಲೆಟ್ ಬ್ರೆಡ್ಡಿನ ನಡುವೆ ಸೇರಲು ಅಲ್ಲಿಂದ ಮುಂದೆ 63 ವರ್ಷ ಬೇಕಾಯಿತು. ಇಷ್ಟು ದೀರ್ಘ ಅಂತರಕ್ಕೆ ಒಂದು ಅಪ್ಪಣೆ ವಿವರಣೆಯಾಗಲಾರದು.

ಕಟ್ಲೆಟ್ ಪುಸ್ತಕದ ಮೂಲಕ ಬೇಗನೇ ಬಂದಿತ್ತು. ಕಾನಾಗಾಕಿ ರೋಬುನ್ ಎಂಬ ಹಾಸ್ಯ ಲೇಖಕ 1872ರಲ್ಲಿಯೇ ಪಾಶ್ಚಾತ್ಯ ಅಡುಗೆಯ ಪುಸ್ತಕ ಹೊರತಂದಿದ್ದ, ಅದರಲ್ಲಿ ಕಟ್ಲೆಟ್ ಕೂಡ ಇದೆ. ಆದರೆ ಪುಸ್ತಕದ ಕಟ್ಲೆಟ್ಟಿಗೆ ಪುಸ್ತಕದ ಮೇಜೂ ಬೇಕು: ಕುರ್ಚಿ, ಬಿಳಿ ಬಟ್ಟೆ, ಎಡಗೈಗೆ ಫೋರ್ಕು, ಬಲಗೈಗೆ ಚಾಕು. ಬೆಣ್ಣೆಯಲ್ಲಿ ಬಾಡಿಸಿ, ಓವನ್ನಿನಲ್ಲಿ ಬೇಯಿಸಿ, ಗಟ್ಟಿ ಸಾರಿನ ಸಾಸ್ ಸುರಿದು ಕೊಡುವ ಈ ಪದಾರ್ಥ ಹೋಟೆಲಿನವನಿಗೂ ಹೊರೆ, ಗಿರಾಕಿಯ ಹೊಟ್ಟೆಗೂ ಹೊರೆ. ಟೋಕಿಯೊದ ಗಿಂಜಾದಲ್ಲಿ 1895ರಲ್ಲಿ ಆರಂಭವಾದ ರೆಂಗಾತೇ ಎಂಬ ಹೋಟೆಲು 1899ರಲ್ಲಿ ಇದನ್ನು ಸರಳ ಮಾಡಿತು. ಕರುವಿನ ಮಾಂಸದ ಬದಲು ಹಂದಿ, ಬೆಣ್ಣೆಯ ಬದಲು, ಹಿಟ್ಟಿನಲ್ಲಿ ಅದ್ದಿ ಕರಿಯುವ ತೆಂಪುರಾಕ್ಕೆ ಮಾಡುವ ಹಾಗೆ ಬಾಣಲೆ ತುಂಬ ಎಣ್ಣೆ. ಒಮ್ಮೆಗೇ ಹಲವು ತುಂಡು ಕರಿಯಬಹುದು, ಪ್ರತಿ ತಟ್ಟೆಯ ಹಿಂದೆ ಒಬ್ಬ ಅಡುಗೆಯವನು ನಿಲ್ಲಬೇಕಿಲ್ಲ. 1904ರಲ್ಲಿ ರಷ್ಯದೊಡನೆ ಯುದ್ಧ ಶುರುವಾಗಿ ಹುಡುಗರು ಸೈನ್ಯಕ್ಕೆ ಹೋದಾಗ, ಜತೆಗೆ ಬಡಿಸುತ್ತಿದ್ದ ಬೇಯಿಸಿದ ತರಕಾರಿಗೆ ಕೈ ಸಾಲದೆ ಹಸಿ ಎಲೆಕೋಸನ್ನು ಸಣ್ಣಗೆ ಹೆಚ್ಚಿ ಇಟ್ಟರಂತೆ. ಇವತ್ತು ತೊಂಕತ್ಸುವಿನ ಪಕ್ಕದಲ್ಲಿ ಕಾಣುವ ಎಲೆಕೋಸಿನ ಗುಡ್ಡೆಗೆ ಜಪಾನಿನ ಸೌಂದರ್ಯದೃಷ್ಟಿಯನ್ನೇ ಕಾರಣವಾಗಿ ಕೊಡುವ ಬರಹಗಳಿವೆ. ಆಳಿನ ಕೊರತೆ ಎಂಬ ಬಡಪಾಯಿ ಕಾರಣವೇ ನನಗೆ ಹೆಚ್ಚು ನಂಬಿಕೆಗೆ ಅರ್ಹವಾಗಿ ಕಾಣುತ್ತದೆ. ಅದೇ ಯುದ್ಧ ಇನ್ನೊಂದು ಕಡೆಯಿಂದಲೂ ಸಹಾಯ ಮಾಡಿತು: ದನದ ಮಾಂಸ ಡಬ್ಬಿಯಾಗಿ ಸೈನ್ಯಕ್ಕೆ ಹೋಗಿ ಊರಿನಲ್ಲಿ ತುಟ್ಟಿಯಾಯಿತು, ಹಂದಿ ಸಾಕಣೆ ಏರಿತು.

ಇಷ್ಟಾದರೂ ಚಾಕು ಮೇಜಿನ ಮೇಲೇ ಇತ್ತು. ರೆಂಗಾತೇ ಈಗಲೂ ನಡೆಯುತ್ತಿದೆ, ಅಲ್ಲಿನ ಕಟ್ಲೆಟ್ ಈಗಲೂ ಇಡಿಯಾಗಿಯೇ ಚಾಕು ಫೋರ್ಕಿನ ಜತೆ ಬರುತ್ತದೆ. ಚಾಕು ಅಡುಗೆಮನೆಗೆ ಹಿಂತಿರುಗಿದ್ದು ಟೋಕಿಯೊದ ಇನ್ನೊಂದು ಮೂಲೆಯಲ್ಲಿ, ಉಯೆನೊ ಸುತ್ತಮುತ್ತ, 1930ರ ಆಸುಪಾಸಿನ ವರ್ಷಗಳಲ್ಲಿ. ಗಿಂಜಾ ಸೂಟು ತೊಟ್ಟವರ ಕೇರಿ. ಉಯೆನೊ, ಅಸಾಕುಸಾಗಳು ಅಂಗಡಿ ಕೆಲಸದವರು, ಕುಶಲಕರ್ಮಿಗಳು, ನಾಟಕ ನೋಡಲು ಬಂದವರು ಓಡಾಡುವ ಜಾಗ. ಅಲ್ಲಿನ ಹೋಟೆಲುಗಳು ಮಾಂಸವನ್ನು ದಪ್ಪ ಮಾಡಿದವು, ಕರಿದಾದ ಮೇಲೆ ಹಲಗೆಯ ಮೇಲಿಟ್ಟು ಬೆರಳಗಲದ ಪಟ್ಟಿಗಳಾಗಿ ತಾವೇ ಕೊಯ್ದು ಕೊಟ್ಟವು, ಬಟ್ಟಲಲ್ಲಿ ಅನ್ನ, ಮಿಸೊ ಸಾರು, ಉಪ್ಪಿನಕಾಯಿ ಇಟ್ಟವು. ತಿನ್ನುವವನ ಕೈಯಲ್ಲಿ ಇನ್ನು ಚಾಪ್‌ಸ್ಟಿಕ್ಕು ಮಾತ್ರ. ತೊಂಕತ್ಸು ಎಂಬ ಪದಾರ್ಥ ನಿಜವಾಗಿ ಹುಟ್ಟಿದ್ದು ಇಲ್ಲಿ. ಅದು ಯಾವ ಹೋಟೆಲಿನಲ್ಲಿ ಎಂಬ ಜಗಳ ಇನ್ನೂ ತೀರಿಲ್ಲ, ತೀರಬೇಕಾಗಿಯೂ ಇಲ್ಲ. ಗಮನಿಸಬೇಕಾದ್ದು ಮಾಂಸದ ಮೇಲೆ ಬಿದ್ದ ಹೊಸ ಷರತ್ತು: ಚಾಕು ಇಲ್ಲದ ಮೇಲೆ ಮಾಂಸ ಮೆತ್ತಗಿರಲೇಬೇಕು. ಪಟ್ಟಿ ಇನ್ನೂ ದೊಡ್ಡದೆನಿಸಿದರೆ ಕಚ್ಚಿ ತುಂಡು ಮಾಡಬೇಕು, ಕಚ್ಚಿದಾಗ ನರ ಹಿಡಿದುಕೊಂಡು ಇಡೀ ತುಂಡು ಜಗ್ಗಿಬರಬಾರದು. ಆದ್ದರಿಂದಲೇ ಆ ಕಾಲದ ಅಡುಗೆಯವರು ನರ ಕತ್ತರಿಸುವುದು, ಬಡಿಯುವುದು, ಎಣ್ಣೆಯ ಕಾವನ್ನು ಇಳಿಸಿ ನಿಧಾನವಾಗಿ ಕರಿಯುವುದು, ಇವುಗಳಿಗೆ ಅಷ್ಟೊಂದು ತಲೆ ಕೆಡಿಸಿಕೊಂಡದ್ದು.

ಇದೇ ಬ್ರೆಡ್ಡಿನ ಕಥೆಗೆ ಬಾಗಿಲು. ಬ್ರೆಡ್ ಜಪಾನಿಗೆ ಹೊಸದಾಗಿರಲಿಲ್ಲ. ಕಿಮುರಾಯಾ ಬೇಕರಿ 1869ರಲ್ಲಿಯೇ ತೆರೆದಿತ್ತು, 1874ರಲ್ಲಿ ಸಿಹಿ ಹೂರಣದ ಬನ್ನು ಮಾಡಿ ಹೆಸರಾಗಿತ್ತು. ಯೊಕೊಹಾಮಾದಲ್ಲಿ ರಾಬರ್ಟ್ ಕ್ಲಾರ್ಕ್ ಎಂಬ ಇಂಗ್ಲಿಷರವನ ಬೇಕರಿಯಿಂದ ಚೌಕ ತಗಡಿನಲ್ಲಿ ಸುಡುವ ಬಿಳಿ ಬ್ರೆಡ್ ಹರಡಿತು. ಸ್ಯಾಂಡ್‌ವಿಚ್ಚೂ ಹೊಸದಲ್ಲ: ಕಾಮಾಕುರಾ ಹತ್ತಿರದ ಒಫುನಾ ರೈಲು ನಿಲ್ದಾಣದಲ್ಲಿ ಒಫುನಾಕೆನ್ ಎಂಬ ಸಂಸ್ಥೆ 1899ರಿಂದಲೇ ಹ್ಯಾಮ್ ಸ್ಯಾಂಡ್‌ವಿಚ್ಚನ್ನು ಪ್ರಯಾಣಿಕರಿಗೆ ಡಬ್ಬಿಯಲ್ಲಿ ಮಾರುತ್ತಿತ್ತು. ಅಂದರೆ ಹಂದಿ ಕಟ್ಲೆಟ್ ಗಿಂಜಾದಲ್ಲಿ ಬಂದ ವರ್ಷವೇ ಹಂದಿ ಹ್ಯಾಮಿನ ಸ್ಯಾಂಡ್‌ವಿಚ್ ರೈಲಿಗೆ ಬಂದಿದೆ, ಎರಡು ಊರುಗಳ ನಡುವೆ ಸುಮಾರು 45 ಕಿಲೋಮೀಟರ್ ದೂರ. ಪಶ್ಚಿಮದ ಎರಡು ಸಾಮಾನು ಸಿಕ್ಕಿದ ಕೂಡಲೇ ಜಪಾನ್ ಅವನ್ನು ಬೆರೆಸಿ ಹೊಸದೊಂದು ಮಾಡಿತು ಎನ್ನುವ ಮಾತು ನಿಜವಾಗಿದ್ದರೆ ಕತ್ಸು ಸಾಂಡೊ 1900ರಲ್ಲಿಯೇ ಹುಟ್ಟಬೇಕಿತ್ತು. ಹುಟ್ಟಲಿಲ್ಲ, ಏಕೆಂದರೆ ಹ್ಯಾಮ್ ತೆಳು ಹಾಳೆ, ಹಲ್ಲಿಗೆ ಸುಲಭ. ಅಂದಿನ ಕಟ್ಲೆಟ್ ಚಾಕು ಬೇಡುವ ಮಾಂಸ. ಚಾಕು ಬೇಡುವುದನ್ನು ಬ್ರೆಡ್ಡಿನೊಳಗೆ ಇಟ್ಟು ಕಚ್ಚಿದರೆ ಮಾಂಸ ಈಚೆ ಬರುತ್ತದೆ, ಬ್ರೆಡ್ ಕೈಯಲ್ಲಿ ಉಳಿಯುತ್ತದೆ. ಮೊದಲು ಚಾಪ್‌ಸ್ಟಿಕ್ಕಿಗೆ ಒಗ್ಗಿದ ಮಾಂಸ ಮಾತ್ರ ಆಮೇಲೆ ಬ್ರೆಡ್ಡಿಗೆ ಒಗ್ಗಬಲ್ಲದು.

ಕಾಲಾನುಕ್ರಮ ಇದನ್ನೇ ಹೇಳುತ್ತದೆ. ಉಯೆನೊ ಬಳಿಯ ಇಸೆನ್ ಎಂಬ ತೊಂಕತ್ಸು ಹೋಟೆಲು ಆರಂಭವಾದದ್ದು 1930ರಲ್ಲಿ. ಚಾಪ್‌ಸ್ಟಿಕ್ಕಿನಲ್ಲೇ ಕತ್ತರಿಸಬಹುದಾದಷ್ಟು ಮೆತ್ತಗಿನ ತೊಂಕತ್ಸು ಎಂಬುದು ಅದರ ಹೆಮ್ಮೆಯ ಮಾತು. ಕತ್ಸು ಸಾಂಡೊ ಅಲ್ಲಿ ಬಂದದ್ದು 1935ರಲ್ಲಿ, ಹೋಟೆಲಿನ ಯಜಮಾನಿತಿಯ ಕೈಯಿಂದ. ಹತ್ತಿರದ ಕೇರಿಯ ಗೇಯ್ಶಾಗಳು, ಎಂದರೆ ಹಾಡು, ಕುಣಿತ, ಮಾತುಗಾರಿಕೆಯಿಂದ ಬದುಕುವ ಕಲಾವಿದೆಯರು, ಅವಳ ಗಿರಾಕಿಗಳು. ಒಂದು ಔತಣಕ್ಕೂ ಇನ್ನೊಂದಕ್ಕೂ ನಡುವೆ ಏನಾದರೂ ತಿನ್ನಬೇಕು. ತುಟಿಗೆ ಹಚ್ಚಿದ ಬಣ್ಣ ಅಳಿಸಬಾರದು, ಕಿಮೊನೊ ತೋಳಿಗೆ ಎಣ್ಣೆ ತಾಗಬಾರದು. ಅದಕ್ಕೆಂದೇ ಸಣ್ಣ ಅಳತೆಯ ಬ್ರೆಡ್ ಮಾಡಿಸಿ, ಒಂದೊಂದು ತುಂಡೂ ಬಾಯಿ ಅಗಲಿಸದೆ ಒಳಗೆ ಹೋಗುವ ಹಾಗೆ ಮಾಡಿದಳು. ಚಾಪ್‌ಸ್ಟಿಕ್ಕೂ ತಟ್ಟೆಯೂ ಇಲ್ಲಿಗೆ ಹೋದವು. ಈ ಪದಾರ್ಥದ ಅಳತೆಯನ್ನು ಗೊತ್ತು ಮಾಡಿದ್ದು ಕೆಲಸದ ನಡುವೆ ನಿಂತು ತಿನ್ನುವ ಹೆಂಗಸರ ಬಾಯಿ. ಅಡುಗೆ ಚರಿತ್ರೆಗಳು ಯಾಕೋ ಚಕ್ರವರ್ತಿಯ ಊಟಕ್ಕೆ ಕೊಟ್ಟಷ್ಟು ಜಾಗವನ್ನು ಇದಕ್ಕೆ ಕೊಡುವುದಿಲ್ಲ.

ಇಲ್ಲಿ ಒಂದು ಆಕ್ಷೇಪ ಏಳುವುದು ಸಹಜ. ರೆಂಗಾತೇ ಹೇಳುವ ಎಲೆಕೋಸಿನ ಕಥೆ, ಇಸೆನ್ ಹೇಳುವ ತುಟಿಬಣ್ಣದ ಕಥೆ, ಎರಡೂ ಅಂಗಡಿಯವರು ತಮ್ಮ ಬಗ್ಗೆ ತಾವೇ ಹೇಳಿಕೊಂಡವು. ತನ್ನ ಮಜ್ಜಿಗೆ ಹುಳಿ ಎಂದು ಯಾವ ಗೊಲ್ಲತಿಯೂ ಹೇಳಳು. ಇಂಥ ಮಾತುಗಳ ಮೇಲೆ ಚರಿತ್ರೆ ಕಟ್ಟಬಹುದೆ? ಯಾರು ಮೊದಲು ಎಂಬ ಪ್ರಶ್ನೆಗಾದರೆ ಕಟ್ಟಲಾಗದು, ಒಪ್ಪುತ್ತೇನೆ. ಆದರೆ ನನ್ನ ವಾದ ಯಾವ ಒಬ್ಬರ ಮೊದಲಿಗತನದ ಮೇಲೂ ನಿಂತಿಲ್ಲ. ತಮ್ಮನ್ನು ಹೊಗಳಿಕೊಳ್ಳಲು ಹೊರಟ ಅಂಗಡಿಗಳು ರುಚಿಯ ದೈವದತ್ತ ಪ್ರತಿಭೆಯ ಕಥೆ ಹೇಳಬಹುದಿತ್ತು. ಹಾಗೆ ಹೇಳದೆ ಒಂದು ಅಂಗಡಿ ಆಳಿಲ್ಲದ್ದನ್ನು, ಇನ್ನೊಂದು ಗಿರಾಕಿಯ ಅವಸರವನ್ನು ಹೇಳುತ್ತದೆ. ಬಟ್ಟಲಿನ ಅನ್ನದ ಮೇಲೆ ಕಟ್ಲೆಟ್ ಇಟ್ಟು ಕೊಡುವ ಕತ್ಸುದೊನ್ ವಾಸೆದಾ ವಿಶ್ವವಿದ್ಯಾಲಯದ ಸುತ್ತ 1910, 20ರ ದಶಕಗಳಲ್ಲಿ ಹುಟ್ಟಿತೆನ್ನುವಾಗಲೂ ಕಾರಣವಾಗಿ ಬರುವುದು ವಿದ್ಯಾರ್ಥಿಗಳ ಹಸಿವು, ಒಂದೇ ಬಟ್ಟಲಿನ ಸೌಕರ್ಯ. ಬೇರೆ ಬೇರೆ ಬಾಯಿಗಳಿಂದ ಒಂದೇ ಬಗೆಯ ಕಾರಣ ಬರುವಾಗ, ವಿವರ ಸುಳ್ಳಾದರೂ ಕಾರಣದ ಜಾತಿ ಸುಳ್ಳಾಗುವುದು ಅಪರೂಪ.

ಚಾಕುವಿನ ತೊಡಕು ಜಪಾನಿನದು ಮಾತ್ರವಲ್ಲ ಎನ್ನುವುದಕ್ಕೆ ನಮ್ಮ ರೈಲಿನ ಕಟ್ಲೆಟ್ಟೇ ಸಾಕ್ಷಿ. ಬ್ರಿಟಿಷರ ಮೇಜಿನ ಕಟ್ಲೆಟ್ ಇಲ್ಲಿಗೂ ಬಂತು, ರೈಲಿನ ಉಪಾಹಾರಕ್ಕೂ ಹೋಟೆಲಿನ ಮೆನುವಿಗೂ ಇಳಿಯಿತು. ಇಲ್ಲಿ ಪರಿಹಾರ ಬೇರೆ: ಮಾಂಸವನ್ನೇ ತೆಗೆದು ಆಲೂಗಡ್ಡೆ, ಬೀಟ್‌ರೂಟು, ಬಟಾಣಿ ಬೇಯಿಸಿ ಕಲಸಿದರು. ಮೈಸೂರು ಕಡೆ ಹೋಗುವ ರೈಲಿನಲ್ಲಿ ಎರಡು ಹೋಳು ಬ್ರೆಡ್ಡಿನ ಜತೆ ಕೊಡುವ ಕಟ್ಲೆಟ್ಟಿಗೆ ಯಾರೂ ಚಾಕು ಕೇಳುವುದಿಲ್ಲ. ಜಪಾನಿನಲ್ಲೂ ಆಲೂಗಡ್ಡೆ ಕಲಸಿ ಕರಿಯುವ ಕೊರೊಕ್ಕೆ ಇದೆ, ಅದೂ ಅದೇ ಜಾಡಿನದು. ಆದರೆ ಮಾಂಸವನ್ನು ಕೊಚ್ಚದೆ, ಕಲಸದೆ, ಇಡಿಯಾಗಿ ಉಳಿಸಿಕೊಂಡೇ ಚಾಕುವನ್ನು ಬಿಡಿಸುವ ಹಟ ತೊಂಕತ್ಸುವಿನದು, ಕಷ್ಟದ ದಾರಿ ಅದು.

ಎರಡನೆಯ ಆಕ್ಷೇಪ ಇನ್ನೂ ಗಟ್ಟಿ. ಕತ್ಸು ಸಾಂಡೊದ ಜೀವ ಇರುವುದು ಆ ಹತ್ತಿಯಂಥ ಬ್ರೆಡ್ಡಿನಲ್ಲಿ. ಆ ಬ್ರೆಡ್ ಮನೆಮನೆಗೆ ಬಂದದ್ದು ಎರಡನೇ ಮಹಾಯುದ್ಧ ಸೋತ ಮೇಲೆ, ಅಮೆರಿಕದ ಗೋಧಿ ಹಡಗುಗಳಲ್ಲಿ ಬಂದು, ಶಾಲೆಯ ಮಧ್ಯಾಹ್ನದೂಟದಲ್ಲಿ ಬ್ರೆಡ್ಡು ಹಾಲು ಖಾಯಂ ಆದ ಮೇಲೆ. ಶಾಲಾ ಊಟದ ಕಾಯಿದೆ ಬಂದದ್ದು 1954ರಲ್ಲಿ. ಹಾಗಾದರೆ ಇದು ಹೋಟೆಲಿನವರ ಜಾಣತನದ ಕಥೆಯಲ್ಲ, ಅಮೆರಿಕದ ಮಿಗತೆ ಗೋಧಿಯ ಕಥೆ ಎನ್ನಬಹುದಲ್ಲ? ಹರಡಿದ್ದರ ಮಟ್ಟಿಗೆ ಈ ಮಾತು ಸರಿ. ಒಂದು ತಲೆಮಾರು ಮಕ್ಕಳು ಬ್ರೆಡ್ ತಿಂದು ಬೆಳೆಯದಿದ್ದರೆ ಇವತ್ತು ಪ್ರತಿ ನಿಲ್ದಾಣದ ಅಂಗಡಿಯಲ್ಲಿ ಕತ್ಸು ಸಾಂಡೊ ಇರುತ್ತಿರಲಿಲ್ಲ. ಕೊಬೆ ನಗರದ ಆಲಿವರ್ ಸಾಸ್ ಕಂಪನಿ 1948ರಲ್ಲಿ ದಪ್ಪನೆಯ ಸಾಸ್ ಬಾಟಲಿಗಿಳಿಸದಿದ್ದರೆ ಮನೆಯಲ್ಲಿ ಮಾಡುವವರು ನೀರಾದ ವೂಸ್ಟರ್ ಸಾಸಿನಲ್ಲೇ ಒದ್ದಾಡಬೇಕಿತ್ತು. ಆದರೆ ಗೋಧಿ ಬ್ರೆಡ್ಡಿನ ಪ್ರಮಾಣವನ್ನು ವಿವರಿಸುತ್ತದೆಯೇ ಹೊರತು ಈ ಸ್ಯಾಂಡ್‌ವಿಚ್ಚಿನ ಆಕಾರವನ್ನಲ್ಲ. ಆಕಾರ 1935ಕ್ಕೇ ಪಕ್ಕಾ ಆಗಿತ್ತು, ಗೋಧಿಯ ಹಡಗು ಬರುವ ಮುಂಚೆ.

ಆ ಆಕಾರದ ಹಿಂದಿನ ಲೆಕ್ಕಾಚಾರ ಕಾಣಬೇಕೆಂದರೆ ಇದನ್ನು ಮನೆಯಲ್ಲಿ ಮಾಡುವ ವಿಧಾನವನ್ನೇ ದಾಖಲೆಯಾಗಿ ಓದಬಹುದು. ಹಂದಿಯ ಬೆನ್ನಿನ ಮಾಂಸ, ಒಂದೂವರೆ ಎರಡು ಸೆಂಟಿಮೀಟರ್ ದಪ್ಪ. ಕೊಬ್ಬಿನ ಪಟ್ಟಿಯೂ ಮಾಂಸವೂ ಕೂಡುವ ಗೆರೆಯಲ್ಲಿ ಬಿಳಿ ನರವಿರುತ್ತದೆ. ಅದನ್ನು ಚಾಕುವಿನ ತುದಿಯಿಂದ ನಾಲ್ಕಾರು ಕಡೆ ಕಚ್ಚು ಹಾಕಿ ಬಿಡಿಸದಿದ್ದರೆ ಕಾದ ಎಣ್ಣೆಯಲ್ಲಿ ನರ ಕುಗ್ಗಿ ತುಂಡು ದೊನ್ನೆಯ ಹಾಗೆ ಮಡಚಿಕೊಳ್ಳುತ್ತದೆ, ಬ್ರೆಡ್ಡಿನ ಮೇಲೆ ಸಮನಾಗಿ ಕೂರುವುದಿಲ್ಲ. ಸ್ವಲ್ಪ ಬಡಿದು, ಮತ್ತೆ ಕೈಯಿಂದ ಒತ್ತಿ ಬ್ರೆಡ್ಡಿನ ಅಳತೆಗೆ ತರುತ್ತಾರೆ. ಮೈದಾ, ಒಡೆದ ಮೊಟ್ಟೆ, ಬ್ರೆಡ್ ಪುಡಿ, ಈ ಕ್ರಮ ಯುರೋಪಿನದೇ. ಪುಡಿ ಮಾತ್ರ ಯುರೋಪಿನದಲ್ಲ. ಅಲ್ಲಿನದು ಒಣಗಿಸಿ ರವೆಯಂತೆ ಬೀಸಿದ್ದು, ಇಲ್ಲಿನದು ಬ್ರೆಡ್ಡಿನ ಬಿಳಿ ಭಾಗವನ್ನು ಒರಟಾಗಿ ತುರಿದ ಉದ್ದುದ್ದ ಚಕ್ಕೆ. 165ರಿಂದ 170 ಡಿಗ್ರಿ ಕಾವಿನ ಎಣ್ಣೆಯಲ್ಲಿ ಕರಿದು, ತಂತಿ ಜಾಲರಿಯ ಮೇಲೆ ಕೆಲವು ನಿಮಿಷ ಓರೆಯಾಗಿ ನಿಲ್ಲಿಸಿದರೆ ಒಳಗಿನ ಬಿಸಿಯೇ ಉಳಿದ ಬೇಯುವಿಕೆಯನ್ನು ಮುಗಿಸುತ್ತದೆ. ಹಂದಿ ಮಾಂಸವಾದ್ದರಿಂದ ನಡುವಿನವರೆಗೂ ಬೆಂದಿದೆಯೆಂದು ನೋಡಿಯೇ ಮುಂದುವರಿಯಬೇಕು. ಬ್ರೆಡ್ಡಿಗೆ ಬೆಣ್ಣೆ ಮತ್ತು ಸಾಸಿವೆ ಹಚ್ಚುವುದು ರುಚಿಗೆ ಮಾತ್ರವಲ್ಲ, ಬೆಣ್ಣೆಯ ಪದರ ಸಾಸಿನ ನೀರನ್ನು ತಡೆಯುತ್ತದೆ. ಸಾಸನ್ನು ಬ್ರೆಡ್ಡಿಗಲ್ಲ, ಕಟ್ಲೆಟ್ಟಿನ ಎರಡೂ ಮೈಗೆ ಸವರುತ್ತಾರೆ. ಜೋಡಿಸಿದ ಮೇಲೆ ಒಂದು ತಟ್ಟೆಯನ್ನು ಮೇಲೆ ಹೇರಿ ಐದು ಹತ್ತು ನಿಮಿಷ ಬಿಡುತ್ತಾರೆ, ಆಮೇಲೆ ಅಂಚು ತೆಗೆದು ಕೊಯ್ಯುತ್ತಾರೆ. ಜಪಾನಿನ ಅಂಗಡಿಗಳಲ್ಲಿ ಬ್ರೆಡ್ಡನ್ನು ಒಂದು ‘ಕಿನ್’ ಎಂಬ ಜಪಾನಿ ಅಳತೆಗೆ ಎಷ್ಟು ಹೋಳು ಎಂಬ ಲೆಕ್ಕದಲ್ಲಿ ಮಾರುತ್ತಾರೆ. ಇದಕ್ಕೆ ಎಂಟು ಹೋಳಿನದನ್ನೇ ಆರಿಸುವುದು ರೂಢಿ. ಇಷ್ಟರಲ್ಲಿ ಒಂದು ಹಂತವೂ ತಟ್ಟೆಯಲ್ಲಿ ಬಡಿಸುವ ತೊಂಕತ್ಸುವಿಗೆ ಬೇಕಾದ ಅಲಂಕಾರವಲ್ಲ. ಜಾರಬಾರದು, ಸೋರಬಾರದು, ಕಚ್ಚಿದಾಗ ಎಳೆಯಬಾರದು: ಮೂರೂ ಕೈಯಲ್ಲಿ ಹಿಡಿದು ತಿನ್ನುವವನ ಬೇಡಿಕೆಗಳು.

ಅಡುಗೆ ಬಲ್ಲವರು ಇಲ್ಲಿ ಒಂದು ಮಾತು ಕೇಳಿಯೇ ಕೇಳುತ್ತಾರೆ. ಗರಿಗರಿಯಾಗಿರುವುದೇ ತೊಂಕತ್ಸುವಿನ ಗುಣ. ಅದಕ್ಕಾಗಿ ಒರಟು ಪುಡಿ, ಕಾವಿನ ಲೆಕ್ಕ, ಜಾಲರಿ ಎಲ್ಲ ಮಾಡಿ ಕೊನೆಗೆ ಸಾಸಿನಲ್ಲಿ ನೆನೆಸಿ, ಭಾರ ಹೇರಿ ಆ ಗುಣವನ್ನೇ ಕೊಂದರೆ ಏನು ಬಂತು? ಇದಕ್ಕೆ ಉತ್ತರ ತಿನ್ನುವ ಸಮಯದಲ್ಲಿದೆ. ತಟ್ಟೆಯ ತೊಂಕತ್ಸುವನ್ನು ಕರಿದ ಐದು ನಿಮಿಷದಲ್ಲಿ ತಿನ್ನುತ್ತಾರೆ, ಡಬ್ಬಿಯದನ್ನು ಐದು ಗಂಟೆಯ ಮೇಲೆ, ರೈಲಿನಲ್ಲೋ ನಾಟಕದ ವೇಷದ ಕೋಣೆಯಲ್ಲೋ. ಆ ಹೊತ್ತಿಗೆ ಯಾವ ಕರಿದ ಪದಾರ್ಥವೂ ಗರಿಗರಿಯಾಗಿ ಉಳಿಯುವುದಿಲ್ಲ. ಕರಿದದ್ದು ತಾನಾಗಿ ಮೆತ್ತಗಾದರೆ ಹಳಸಿದ ಹಾಗೆ. ಸಾಸ್ ಕುಡಿಸಿ ಮೊದಲೇ ಮೆತ್ತಗೆ ಮಾಡಿದರೆ ಅದೇ ರುಚಿ. ಒರಟು ಚಕ್ಕೆಗಳ ನಡುವಿನ ಸಂದು ಸಾಸನ್ನು ಹಿಡಿದಿಟ್ಟುಕೊಂಡು ಬ್ರೆಡ್ಡಿಗೆ ಇಳಿಯಗೊಡುವುದಿಲ್ಲ. ಹಸಿ ಎಲೆಕೋಸನ್ನು ಹಳೆಯ ಮಾದರಿಯ ಕತ್ಸು ಸಾಂಡೊ ಒಳಗೆ ಬಿಟ್ಟುಕೊಳ್ಳದೆ ಇರುವುದಕ್ಕೂ ಇದೇ ಕಾರಣ, ಹೊತ್ತು ಹೋದಂತೆ ಅದು ನೀರು ಬಿಡುತ್ತದೆ. ಮನೆಯಲ್ಲಿ ಮಾಡಿ ತಕ್ಷಣ ತಿನ್ನುವವರು ಎಲೆಕೋಸು ಧಾರಾಳವಾಗಿ ಹಾಕಿಕೊಳ್ಳಬಹುದು, ಭಾರ ಹೇರುವುದನ್ನೂ ಕಡಿಮೆ ಮಾಡಬಹುದು.

2018ರ ಸುಮಾರಿಗೆ ನ್ಯೂಯಾರ್ಕ್, ಲಾಸ್ ಏಂಜಲೀಸ್‌ನಂಥ ಊರುಗಳಲ್ಲಿ ಈ ಸ್ಯಾಂಡ್‌ವಿಚ್ ಫ್ಯಾಶನ್ ಆದಾಗ ಆದ ಬದಲಾವಣೆಗಳು ಈ ವಾದಕ್ಕೆ ಅಡ್ಡಕಡೆಯಿಂದ ಬೆಂಬಲ ಕೊಡುತ್ತವೆ. ಕೊಯ್ದ ಮುಖ ಫೋಟೊದಲ್ಲಿ ಚೆನ್ನಾಗಿ ಕಾಣಲೆಂದು ಮಾಂಸ ಇನ್ನಷ್ಟು ದಪ್ಪವಾಯಿತು, ಹಂದಿಯ ಜಾಗಕ್ಕೆ ದುಬಾರಿ ವಾಗ್ಯು ದನದ ಮಾಂಸ ಬಂತು, ಬ್ರೆಡ್ಡನ್ನು ಸುಟ್ಟು ಗರಿಗರಿ ಮಾಡಿದರು, ಭಾರ ಹೇರುವ ಹಂತ ಬಿಟ್ಟೇಹೋಯಿತು. ಬ್ರೆಡ್ ಸುಡುವುದೂ ದನದ ಮಾಂಸ ಹಾಕುವುದೂ ಒಸಾಕಾ ಕಡೆಯ ಹೋಟೆಲುಗಳಲ್ಲಿ ಮೊದಲಿನಿಂದ ಇದ್ದ ಪದ್ಧತಿಯೇ, ಆದರೆ ಅಲ್ಲಿ ಅದನ್ನು ಬಿಸಿಯಾಗಿ ಕೂತು ತಿನ್ನುತ್ತಾರೆ. ಹೊಸ ಅಂಗಡಿಗಳೂ ಅದನ್ನೇ ಮಾಡಬೇಕಾಗಿ ಬಂದಿದೆ. ಸ್ಯಾಂಡ್‌ವಿಚ್ ತಟ್ಟೆಯ ಮೇಲೆ ಬರುತ್ತದೆ, ಜತೆಗೆ ಬಟ್ಟೆಯ ಕರವಸ್ತ್ರ. ಮೂರು ಬೆರಳು ದಪ್ಪದ ಮಾಂಸವನ್ನು ಯಾವ ಕಡೆಯಿಂದ ಕಚ್ಚುವುದೆಂದು ತೋಚದ ಗಿರಾಕಿ ಸುತ್ತ ನೋಡಿ ಚಾಕು ಕೇಳುತ್ತಾನೆ.